ಎರವಲು ಸೇವೆ ಮತ್ತು ಖಾಯಂ ವಿಲೀನ: ನಿಯೋಜನೆ ಮೇಲಿರುವ ನೌಕರರ ಜೊತೆ ಒಂದು ಮಾತು

ಮಾತು ಶುರು ಮಾಡುವ ಮುಂಚೆ ಒಂದು ಸಣ್ಣ ಕೆಲಸ ಮಾಡೋಣ. ಈಗ ನಿಯೋಜನೆ ಮೇಲೆ ಬೇರೆ ಇಲಾಖೆಯಲ್ಲೋ, ನಿಗಮ, ಮಂಡಳಿ, ಪ್ರಾಧಿಕಾರದಲ್ಲೋ ಕೆಲಸ ಮಾಡುತ್ತಿರುವವರು ದಯವಿಟ್ಟು ಕೈ ಎತ್ತಿ. ಸರಿ, ಸಭಾಂಗಣದಲ್ಲಿ ಅರ್ಧಕ್ಕಿಂತ ಹೆಚ್ಚೇ ಇದ್ದೀರಿ. ಈಗ, ನಿಮ್ಮ ನಿಯೋಜನೆಯ ಅವಧಿ ಯಾವ ದಿನಾಂಕಕ್ಕೆ ಮುಗಿಯುತ್ತದೆ ಅಂತ ಆದೇಶ ನೋಡದೆ ಹೇಳಬಲ್ಲವರು ಮಾತ್ರ ಕೈ ಹಾಗೇ ಇಟ್ಟುಕೊಳ್ಳಿ. ಎಷ್ಟು ಕೈಗಳು ಇಳಿದವು ನೋಡಿ. ನಾನು ಇವತ್ತು ಹೇಳಬೇಕೆಂದಿರುವುದು ಮುಖ್ಯವಾಗಿ ಆ ಕೈ ಇಳಿಸಿದವರಿಗೆ.

ನಿಯೋಜನೆ ಅಂದರೆ ಏನು ಅನ್ನುವುದರಿಂದಲೇ ಆರಂಭಿಸಬೇಕು, ಏಕೆಂದರೆ ನಮ್ಮ ಕಚೇರಿಗಳಲ್ಲಿ ಈ ಒಂದು ಪದವನ್ನು ನಾಲ್ಕು ಬೇರೆ ಬೇರೆ ವ್ಯವಸ್ಥೆಗಳಿಗೆ ಬಳಸುತ್ತೇವೆ. ಒಂದೇ ಇಲಾಖೆಯೊಳಗೆ, ಸಂಬಳ ಹಳೆಯ ಕಚೇರಿಯಿಂದಲೇ ಬರುತ್ತಾ, ಕೆಲಸ ಮಾತ್ರ ಇನ್ನೊಂದು ಕಚೇರಿಯಲ್ಲಿ ಮಾಡುವುದನ್ನು ಓಓಡಿ, ಅಂದರೆ ಅನ್ಯ ಕರ್ತವ್ಯ, ಅನ್ನುತ್ತೇವೆ. ಅದು ನಿಜವಾದ ನಿಯೋಜನೆ ಅಲ್ಲ. ವರ್ಗಾವಣೆ ಅಂದರೆ ನಿಮ್ಮ ವೃಂದದೊಳಗೇ, ಅಂದರೆ ನಿಮ್ಮ ಕೇಡರಿನೊಳಗೇ, ಜಾಗ ಬದಲಾಗುವುದು. ನಿಮ್ಮ ವೃಂದದ ಹೊರಗಿನ ಹುದ್ದೆಗೆ, ನಿಗದಿತ ಅವಧಿಗೆ, ನಿಮ್ಮ ಹಳೆಯ ಹುದ್ದೆಯ ಮೇಲಿನ ಹಕ್ಕನ್ನು ಉಳಿಸಿಕೊಂಡು ಹೋಗುವುದು ನಿಯೋಜನೆ. ಹಾಗೆ ಹೋದ ಸಂಸ್ಥೆ ನಿಮ್ಮ ಸಂಬಳವನ್ನು ಸರ್ಕಾರದ ಸಂಚಿತ ನಿಧಿಯಿಂದಲ್ಲದೆ ತನ್ನದೇ ಹಣದಿಂದ ಕೊಡುವಂಥದ್ದಾದರೆ ಅದಕ್ಕೆ ಅನ್ಯಸೇವೆ ಎಂಬ ಹೆಸರಿದೆ. ಕೆಸಿಎಸ್‌ಆರ್‌ನಲ್ಲಿ, ಅಂದರೆ ಕರ್ನಾಟಕ ನಾಗರಿಕ ಸೇವಾ ನಿಯಮಗಳಲ್ಲಿ, ಅದಕ್ಕೆ ಪ್ರತ್ಯೇಕ ನಿಯಮಗಳೇ ಇವೆ. ಪತ್ರಿಕೆಗಳು ಇದೆಲ್ಲವನ್ನೂ ಸೇರಿಸಿ ಎರವಲು ಸೇವೆ ಎಂದು ಬರೆಯುತ್ತವೆ. ನೀವು ಈ ನಾಲ್ಕರಲ್ಲಿ ಯಾವುದರಲ್ಲಿ ಇದ್ದೀರಿ ಅನ್ನುವುದು ಮೊದಲು ಖಚಿತವಾಗಬೇಕು. ವಿಲೀನದ, ಅಂದರೆ ಹೋದ ಸಂಸ್ಥೆಯಲ್ಲೇ ಖಾಯಂ ಆಗಿ ಸೇರಿಕೊಳ್ಳುವ ಪ್ರಶ್ನೆ ಹುಟ್ಟುವುದು ಕೊನೆಯ ಎರಡರಲ್ಲಿ ಮಾತ್ರ.

ಈ ನಿಯೋಜನೆಗೆ ಮೂರು ಜನರ ಒಪ್ಪಿಗೆ ಬೇಕು. ಕಳಿಸುವ ಮಾತೃ ಇಲಾಖೆ ಒಪ್ಪಬೇಕು, ಪಡೆಯುವ ಇಲಾಖೆ ಒಪ್ಪಬೇಕು, ಹೋಗುವ ನೌಕರ ಒಪ್ಪಬೇಕು. 1999ರಲ್ಲಿ ಉಮಾಪತಿ ಚೌಧರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿತು. ಒಪ್ಪಿಗೆಯಿಲ್ಲದೆ ನಿಮ್ಮನ್ನು ಇನ್ನೊಬ್ಬ ಮಾಲೀಕನ ಕೈಗೆ ದಾಟಿಸಲು ಆಗುವುದಿಲ್ಲ. ಜವಾಹರಲಾಲ್ ನೆಹರೂ ವಿಶ್ವವಿದ್ಯಾಲಯ ಮಣಿಪುರದಲ್ಲಿದ್ದ ತನ್ನ ಕೇಂದ್ರವನ್ನು ಮಣಿಪುರ ವಿಶ್ವವಿದ್ಯಾಲಯಕ್ಕೆ ವಹಿಸಿಕೊಟ್ಟಿತು. ಅಲ್ಲಿನ ಅಧ್ಯಾಪಕರನ್ನೂ ಕೇಂದ್ರದ ಜೊತೆಗೇ ಕೊಟ್ಟುಬಿಡಬಹುದು ಅಂದುಕೊಂಡಿತು. ಅವರಲ್ಲೊಬ್ಬರು ಒಪ್ಪಲಿಲ್ಲ, ಕೋರ್ಟಿಗೆ ಹೋದರು. 1989ರಲ್ಲಿ ಸುಪ್ರೀಂ ಕೋರ್ಟ್ ಅವರು ಜೆಎನ್‌ಯು ನೌಕರರಾಗಿಯೇ ಮುಂದುವರಿಯುತ್ತಾರೆ ಎಂದಿತು. ಒಪ್ಪಿಗೆಗೆ ಇರುವ ಬೆಲೆ ಅಷ್ಟು. ನಿಮ್ಮ ಒಪ್ಪಿಗೆ ಇಲ್ಲದೆ ನಿಮ್ಮನ್ನು ಕಳಿಸುವಂತಿಲ್ಲ, ನಿಮ್ಮ ಒಪ್ಪಿಗೆ ಇಲ್ಲದೆ ನಿಮ್ಮನ್ನು ವಿಲೀನ ಮಾಡುವಂತೆಯೂ ಇಲ್ಲ. ಇದು ನಿಮ್ಮ ಪರವಾದ ಮಾತು. ಇದೇ ಮಾತು ಇನ್ನೊಂದು ಕಡೆಯಿಂದ ನಿಮಗೆ ಕಷ್ಟ ಕೊಡುತ್ತದೆ. ಉಳಿದ ಇಬ್ಬರ ಒಪ್ಪಿಗೆಯಿಲ್ಲದೆ ನೀವೂ ಅಲ್ಲಿ ಉಳಿಯುವಂತಿಲ್ಲ.

ನಮ್ಮ ರಾಜ್ಯದಲ್ಲಿ ಈ ವಿಷಯ ಮಾತಾಡುವಾಗ ನನಗೆ ಯಾವಾಗಲೂ 1974ರ ಭೂಸುಧಾರಣೆ ನೆನಪಾಗುತ್ತದೆ. ಉಳುವವನೇ ಹೊಲದೊಡೆಯ ಅಂತ ಕಾನೂನಾಯಿತು. ವರ್ಷಗಟ್ಟಲೆ ಗೇಣಿ ಮಾಡಿದ ಕುಟುಂಬಗಳು ಅರ್ಜಿ ಹಾಕಿ ಜಮೀನಿನ ಒಡೆಯರಾದವು. ಆ ನ್ಯಾಯ ನಮ್ಮ ಮನಸ್ಸಿನಲ್ಲಿ ಎಷ್ಟು ಆಳಕ್ಕೆ ಇಳಿದಿದೆ ಅಂದರೆ, ಹುದ್ದೆಗೂ ಅದನ್ನೇ ಹಚ್ಚುತ್ತೇವೆ. "ಹನ್ನೆರಡು ವರ್ಷದಿಂದ ಇಲ್ಲೇ ದುಡಿದಿದ್ದೀನಿ ಸಾರ್, ಈ ಸೆಕ್ಷನ್ ಕಟ್ಟಿದ್ದೇ ನಾನು, ಇನ್ನು ನನ್ನನ್ನು ಇಲ್ಲಿಂದ ಕಳಿಸೋಕೆ ಹೇಗಾಗುತ್ತೆ?" ಈ ಮಾತನ್ನು ನಾನು ಎಷ್ಟೋ ಜನರ ಬಾಯಲ್ಲಿ ಕೇಳಿದ್ದೇನೆ. ಹೇಳುವವರ ಶ್ರಮ ಸುಳ್ಳಲ್ಲ. ಆದರೆ ಸೇವಾ ಕಾನೂನಿನಲ್ಲಿ ಗೇಣಿದಾರನ ಹಕ್ಕು ಎಂಬುದೇ ಇಲ್ಲ. ಎಷ್ಟು ವರ್ಷ ಉತ್ತರೂ ಹೊಲ ನಿಮ್ಮದಾಗುವುದಿಲ್ಲ.

ಇದನ್ನು ಸ್ಪಷ್ಟವಾಗಿ ಹೇಳಿದ್ದು 2000ದ ಕುನಾಲ್ ನಂದಾ ಪ್ರಕರಣ. ಸಿಆರ್‌ಪಿಎಫ್‌ನಿಂದ ಸಿಬಿಐಗೆ ನಿಯೋಜನೆ ಮೇಲೆ ಹೋದ ಸಿಬ್ಬಂದಿ, ತನ್ನನ್ನು ಅಲ್ಲೇ ಖಾಯಂ ಆಗಿ ವಿಲೀನ ಮಾಡಿಕೊಳ್ಳಬೇಕು ಎಂದು ಕೇಳಿದ ಪ್ರಕರಣ ಅದು. ನಿಯೋಜನೆ ಮೇಲೆ ಬಂದವನನ್ನು ಯಾವಾಗ ಬೇಕಾದರೂ ಮಾತೃ ಇಲಾಖೆಗೆ ವಾಪಸ್ ಕಳಿಸಬಹುದು ಅನ್ನುವುದೇ ನಿಯೋಜನೆಯ ಮೂಲ ತತ್ವ, ಯಾವುದಾದರೂ ನಿಯಮವೇ ಅಂಥ ಹಕ್ಕು ಕೊಟ್ಟಿದ್ದರೆ ಹೊರತು ವಿಲೀನವನ್ನು ಹಕ್ಕಾಗಿ ಕೇಳಲು ಬರುವುದಿಲ್ಲ ಎಂದು ಕೋರ್ಟ್ ಹೇಳಿತು. ಅಲ್ಲಿಂದ ಇಲ್ಲಿಯವರೆಗೆ ಕೆಎಟಿ ಎಂಬ ರಾಜ್ಯ ಆಡಳಿತ ನ್ಯಾಯಮಂಡಳಿಯಲ್ಲಾಗಲಿ, ಹೈಕೋರ್ಟಿನಲ್ಲಾಗಲಿ ನಿಮ್ಮ ಎದುರು ಪಕ್ಷದ ವಕೀಲರು ಮೊದಲು ಓದುವುದು ಈ ತೀರ್ಪನ್ನೇ.

ಅದಕ್ಕೂ ಮುಂಚೆ, 1997ರಲ್ಲಿ, ಪಂಜಾಬಿನ ಇಂದರ್ ಸಿಂಗ್ ಪ್ರಕರಣ ಬಂದಿತ್ತು. ಅದನ್ನು ನೀವೆಲ್ಲ ಒಮ್ಮೆ ಓದಬೇಕು. ಜಿಲ್ಲಾ ಪೊಲೀಸ್‌ನಿಂದ ಸಿಐಡಿಗೆ ನಿಯೋಜನೆ ಮೇಲೆ ಹೋದ ಕಾನ್‌ಸ್ಟೆಬಲ್‌ಗಳು. ವರ್ಷಗಟ್ಟಲೆ ಅಲ್ಲೇ ಉಳಿದರು. ಅಲ್ಲಿ ತಾತ್ಕಾಲಿಕವಾಗಿ ಮೇಲಿನ ದರ್ಜೆಗಳೂ ಸಿಕ್ಕಿದ್ದವು, ಭುಜದ ಮೇಲೆ ಪಟ್ಟಿ, ನಕ್ಷತ್ರ ಬಂದಿದ್ದವು. ಒಂದು ದಿನ ವಾಪಸ್ ಹೋಗಿ ಎಂಬ ಆದೇಶ ಬಂತು. ವಾಪಸ್ ಅಂದರೆ ಮಾತೃ ಘಟಕದಲ್ಲಿ ತಾವು ಬಿಟ್ಟುಬಂದ ದರ್ಜೆಗೆ. ಸುಪ್ರೀಂ ಕೋರ್ಟ್ ವಾಪಸಾತಿಯನ್ನು ಎತ್ತಿಹಿಡಿಯಿತು. ಆ ನೌಕರರ ಜಾಗದಲ್ಲಿ ನಿಂತು ಸ್ವಲ್ಪ ಯೋಚಿಸಿ. ನಿನ್ನೆಯವರೆಗೆ ತನಗೆ ಸಲ್ಯೂಟ್ ಮಾಡುತ್ತಿದ್ದವರ ಎದುರು ಇವತ್ತು ತಾನೇ ಸಲ್ಯೂಟ್ ಮಾಡಬೇಕು. ಎರವಲು ಜಾಗದಲ್ಲಿ ಸಿಕ್ಕ ಬಡ್ತಿ ಎರವಲು ಬಡ್ತಿಯೇ. ಪ್ರಭಾರದ ಮೇಲೆ ಮೇಲಿನ ಹುದ್ದೆಯ ಕೆಲಸ ನೋಡಿಕೊಳ್ಳುತ್ತಾ, ಅದನ್ನೇ ಮುಂಬಡ್ತಿ ಎಂದು ನಂಬಿಕೊಂಡವರು ಇಲ್ಲಿಯೂ ಇರಬಹುದು. ಆ ನಂಬಿಕೆಯ ಮೇಲೆ ಮನೆ ಕಟ್ಟಲು, ಸಾಲ ಮಾಡಲು ಹೋಗಬೇಡಿ.

ಕಾನೂನು ಯಾಕಿಷ್ಟು ಕಠಿಣ ಅಂತ ನಿಮಗೆ ಅನಿಸಬಹುದು. ಅದಕ್ಕೊಂದು ಕಾರಣ ಇದೆ. ಆ ಕಾರಣ ನಿಮ್ಮ ಪಕ್ಕದ ಮೇಜಿನಲ್ಲಿ ಕೂತಿದೆ. ನೀವು ಹೋಗಿರುವ ಸಂಸ್ಥೆಗೆ ತನ್ನದೇ ವೃಂದ ಮತ್ತು ನೇಮಕಾತಿ ನಿಯಮಗಳಿವೆ. ಪ್ರತಿ ಹುದ್ದೆ ಹೇಗೆ ತುಂಬಬೇಕು ಅಂತ ಅದರಲ್ಲಿ ಬರೆದಿರುತ್ತದೆ: ಇಷ್ಟು ನೇರ ನೇಮಕಾತಿ, ಇಷ್ಟು ಮುಂಬಡ್ತಿ, ಇಷ್ಟು ನಿಯೋಜನೆ. ಮುಂಬಡ್ತಿಗೆ ಮೀಸಲಾದ ಹುದ್ದೆಯಲ್ಲಿ ಹೊರಗಿನವರನ್ನು ಖಾಯಂ ಮಾಡಿದರೆ, ಹದಿನೈದು ವರ್ಷ ಅದೇ ಹುದ್ದೆಯನ್ನು ಕಾಯುತ್ತಿದ್ದ ಅಲ್ಲಿನ ದ್ವಿತೀಯ ದರ್ಜೆ ಸಹಾಯಕನ ದಾರಿ ಮುಚ್ಚಿತು. ನೇರ ನೇಮಕಾತಿಯ ಹುದ್ದೆಯಲ್ಲಿ ಖಾಯಂ ಮಾಡಿದರೆ, ಕೆಪಿಎಸ್‌ಸಿ ಅಧಿಸೂಚನೆಗೆ ಕಾಯುತ್ತಾ ಧಾರವಾಡದ ಬಾಡಿಗೆ ಕೋಣೆಯಲ್ಲಿ ಓದುತ್ತಿರುವ ಹುಡುಗಿಯ ಅವಕಾಶ ಹೋಯಿತು. ರೋಸ್ಟರ್ ಬಿಂದು, ಅಂದರೆ ಮೀಸಲಾತಿಯ ಸರದಿ, ಕೆಟ್ಟಿತು. ಸಮಾನತೆ ಮತ್ತು ಸರ್ಕಾರಿ ಉದ್ಯೋಗದಲ್ಲಿ ಸಮಾನ ಅವಕಾಶ ಹೇಳುವ ಸಂವಿಧಾನದ 14 ಮತ್ತು 16ನೇ ವಿಧಿಗಳ ಮಾತು ಬರುವುದು ಇಲ್ಲೇ. ನಮ್ಮದೇ ರಾಜ್ಯದ ಉಮಾದೇವಿ ಪ್ರಕರಣದಲ್ಲಿ, 2006ರ ಏಪ್ರಿಲ್ 10ರಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ, ನಿಯಮ ಮೀರಿ ಬಂದ ತಾತ್ಕಾಲಿಕ ನೌಕರರನ್ನು ಬಹುಕಾಲದ ಸೇವೆಯ ಆಧಾರದ ಮೇಲಷ್ಟೇ ಖಾಯಂ ಮಾಡಲು ಬರುವುದಿಲ್ಲ ಎಂದಿತು. ನಿಯೋಜನೆ ಮೇಲಿರುವ ನೀವು ಹಿಂಬಾಗಿಲಿನಿಂದ ಸೇವೆಗೆ ಬಂದವರಲ್ಲ, ಪರೀಕ್ಷೆ ಬರೆದು ನಿಯಮದ ಪ್ರಕಾರವೇ ಬಂದವರು. ಆ ವ್ಯತ್ಯಾಸ ದೊಡ್ಡದು, ಅದನ್ನು ಯಾರೂ ಕಡೆಗಣಿಸಬಾರದು. ಆದರೆ ನೀವು ಬರೆದದ್ದು ಇನ್ನೊಂದು ವೃಂದದ ಪರೀಕ್ಷೆ. ಈ ವೃಂದದವರ ಕಣ್ಣಿಗೆ ನೀವೂ ಹೊರಗಿನವರೇ.

ಹಾಗಾದರೆ ವಿಲೀನ ಸಾಧ್ಯವೇ ಇಲ್ಲವೇ? ಇದೆ. ಅದಕ್ಕೆ ಕಾನೂನಿನ ಬಾಗಿಲೂ ಇದೆ. ವಿಲೀನ ಅಂದರೆ ನಿಯೋಜನೆಯನ್ನು ಕೊನೆಯಿಲ್ಲದಂತೆ ಮುಂದುವರಿಸುವುದಲ್ಲ, ಅದೊಂದು ಹೊಸ ನೇಮಕಾತಿ. ಇವತ್ತು ನೀವು ಒಂದೇ ಒಂದು ಮಾತನ್ನು ಮನೆಗೆ ಒಯ್ಯುವುದಾದರೆ ಅದು ಇದೇ ಆಗಿರಲಿ. ನೇಮಕಾತಿ ಆದ್ದರಿಂದ ನಿಯಮ ಬೇಕು, ಖಾಲಿ ಹುದ್ದೆ ಬೇಕು, ಅರ್ಹತೆ ಬೇಕು, ಸಕ್ಷಮ ಪ್ರಾಧಿಕಾರದ ಆದೇಶ ಬೇಕು. ರಾಜ್ಯದಲ್ಲಿ 1977ರ ಸಾಮಾನ್ಯ ನೇಮಕಾತಿ ನಿಯಮಗಳ 16ನೇ ನಿಯಮ ಸರ್ಕಾರಕ್ಕೆ ಇಂಥ ಒಂದು ಅಧಿಕಾರ ಕೊಡುತ್ತದೆ. ಬೇರೆ ಸೇವೆಯಲ್ಲಿ ಸಮಾನ ದರ್ಜೆಯ ಹುದ್ದೆ ಹೊಂದಿರುವ ಅಧಿಕಾರಿಯನ್ನು ವರ್ಗಾವಣೆ ಮೂಲಕವೋ ನಿಯೋಜನೆ ಮೂಲಕವೋ ನೇಮಿಸಬಹುದು, ಆದರೆ ಕಾರಣಗಳನ್ನು ಲಿಖಿತವಾಗಿ ದಾಖಲಿಸಿ. ಸಮಾನ ದರ್ಜೆ, ಲಿಖಿತ ಕಾರಣ: ಈ ಎರಡರ ಅಡಿ ಗೆರೆ ಎಳೆದುಕೊಳ್ಳಿ. ಇನ್ನು ನಿಗಮ, ಮಂಡಳಿಗಳಾದರೆ ಅವುಗಳ ಸ್ವಂತ ನಿಯಮಾವಳಿಯಲ್ಲಿ ವಿಲೀನಕ್ಕೆ ಅವಕಾಶ ಇರಬೇಕು. ಆಡಳಿತ ಮಂಡಳಿಯ ನಿರ್ಣಯ ಆಯಿತು ಅಂದ ಮಾತ್ರಕ್ಕೆ ಮುಗಿಯಲಿಲ್ಲ. ಮಾತೃ ಇಲಾಖೆಯ ನಿರಾಕ್ಷೇಪಣೆ ಮತ್ತು ಸರ್ಕಾರದ ಅನುಮೋದನೆ ಕಡತದಲ್ಲಿ ಇಲ್ಲದಿದ್ದರೆ ಆ ನಿರ್ಣಯ ನಾಳೆ ನಿಮ್ಮ ಕೈ ಹಿಡಿಯುವುದಿಲ್ಲ.

ಆದೇಶವಾದ ಕ್ಷಣ ಇನ್ನೊಂದು ಸಂಗತಿ ನಡೆಯುತ್ತದೆ. ಮಾತೃ ಇಲಾಖೆಯಲ್ಲಿ ನಿಮ್ಮ ಲೀನ್, ಅಂದರೆ ಹಳೆಯ ಹುದ್ದೆಯ ಮೇಲಿನ ಹಕ್ಕು, ಕೊನೆಯಾಗುತ್ತದೆ. ಏಕಕಾಲಕ್ಕೆ ಎರಡು ಖಾಯಂ ಹುದ್ದೆಗಳ ಮೇಲೆ ಒಬ್ಬರಿಗೆ ಲೀನ್ ಇರಲಾರದು. ಅದುವರೆಗೆ ಹಿಂದಿರುಗಲು ಒಂದು ದಾರಿ ಇತ್ತು, ಇನ್ನು ಇಲ್ಲ. ನಿಗಮ ನಷ್ಟಕ್ಕೆ ಬಿದ್ದರೆ, ಮುಚ್ಚಿದರೆ, ಇನ್ನೊಂದರ ಜೊತೆ ಸೇರಿದರೆ ನಿಮ್ಮ ಭವಿಷ್ಯ ಅದರ ಜೊತೆಗೇ.

ಈಗ ಜ್ಯೇಷ್ಠತೆಗೆ, ಅಂದರೆ ಸೇವಾ ಹಿರಿತನಕ್ಕೆ, ಬರೋಣ. ಸಾಮಾನ್ಯವಾಗಿ ಜನ ವಿಲೀನದ ಆದೇಶ ಕೈಗೆ ಬಂತೆಂದು ಸಿಹಿ ಹಂಚುತ್ತಾರೆ, ಜ್ಯೇಷ್ಠತಾ ಪಟ್ಟಿ ಪ್ರಕಟವಾದ ದಿನ ಅಳುತ್ತಾರೆ. ಆದ್ದರಿಂದ ಇಲ್ಲಿ ಸ್ವಲ್ಪ ನಿಧಾನವಾಗಿ ಹೋಗುತ್ತೇನೆ.

ಒಂದು ಉದಾಹರಣೆ ಕಲ್ಪಿಸಿಕೊಳ್ಳಿ. ಒಬ್ಬ ಕಿರಿಯ ಎಂಜಿನಿಯರ್ 2010ರಲ್ಲಿ ಲೋಕೋಪಯೋಗಿ ಇಲಾಖೆಗೆ ಸೇರಿದರು. 2016ರಲ್ಲಿ ನಿಯೋಜನೆ ಮೇಲೆ ಒಂದು ನಗರಾಭಿವೃದ್ಧಿ ಪ್ರಾಧಿಕಾರಕ್ಕೆ ಬಂದರು. 2022ರಲ್ಲಿ ವಿಲೀನವಾದರು. ಅವರ ಜ್ಯೇಷ್ಠತೆ ಯಾವ ವರ್ಷದಿಂದ? 2010, 2016, 2022. ಮೂರಕ್ಕೂ ವಾದ ಇದೆ. ಪ್ರಾಧಿಕಾರಕ್ಕೆ 2013ರಲ್ಲಿ ನೇರವಾಗಿ ಸೇರಿದ ಇನ್ನೊಬ್ಬ ಕಿರಿಯ ಎಂಜಿನಿಯರ್‌ಗೆ ಈ ಉತ್ತರ ಬದುಕಿನ ಪ್ರಶ್ನೆ. 2010 ಎಂದರೆ ಈ 2013ರವರು ಕೆಳಗೆ, 2016 ಎಂದರೆ ಮೇಲೆ.

ಕೇಂದ್ರ ಸರ್ಕಾರದ ಸಿಬ್ಬಂದಿ ಇಲಾಖೆ 1986ರ ಮೇ 29ರಂದು ಒಂದು ಜ್ಞಾಪನ ಹೊರಡಿಸಿತ್ತು. ಮಾತೃ ಇಲಾಖೆಯಲ್ಲಿ ಸಮಾನ ಹುದ್ದೆಯಲ್ಲಿ ಕ್ರಮಬದ್ಧವಾಗಿ ಇದ್ದವರ ಆ ಸೇವೆಯನ್ನು ಪರಿಗಣಿಸಬೇಕು, ಆದರೆ ನಿಯೋಜನೆ ಮೇಲೆ ಬಂದ ದಿನ, ಮಾತೃ ಇಲಾಖೆಯಲ್ಲಿ ಸಮಾನ ಹುದ್ದೆಗೆ ನೇಮಕವಾದ ದಿನ, ಇವೆರಡರಲ್ಲಿ ಯಾವುದು ಕೊನೆಯದೋ ಅಲ್ಲಿಂದ ಎಂದು ಅದರಲ್ಲಿತ್ತು. ಬಿಎಸ್‌ಎಫ್‌ನಲ್ಲಿ ಸಬ್ ಇನ್‌ಸ್ಪೆಕ್ಟರ್ ಆಗಿದ್ದು ದೆಹಲಿ ಪೊಲೀಸ್‌ಗೆ ನಿಯೋಜನೆ ಮೇಲೆ ಬಂದು ಅಲ್ಲೇ ವಿಲೀನವಾದ ರೂಪ್‌ಲಾಲ್ ಮತ್ತಿತರರು ಇದನ್ನು ಪ್ರಶ್ನಿಸಿದರು. 1999ರ ಡಿಸೆಂಬರ್ 14ರಂದು ಸುಪ್ರೀಂ ಕೋರ್ಟ್, ಯಾವುದು ಕೊನೆಯದೋ ಎಂಬ ಆ ಭಾಗವನ್ನು ರದ್ದು ಮಾಡಿತು. ಸಮಾನ ಹುದ್ದೆಯಲ್ಲಿ ಸಲ್ಲಿಸಿದ ಹಿಂದಿನ ಸೇವೆಯನ್ನು ಕಿತ್ತುಕೊಳ್ಳುವುದು 14 ಮತ್ತು 16ನೇ ವಿಧಿಗಳಿಗೆ ವಿರುದ್ಧ ಎಂದಿತು. 2001ರ ಮಾರ್ಚ್‌ನಲ್ಲಿ ಕೇಂದ್ರ ತನ್ನ ಜ್ಞಾಪನವನ್ನು ತಿದ್ದಿ, ಯಾವುದು ಮೊದಲಿನದೋ ಅಲ್ಲಿಂದ ಎಂದು ಮಾಡಿತು. ಒಂದು ಪದ ಬದಲಾಯಿತು, ಎಷ್ಟೋ ಜನರ ಸೇವೆಯ ವರ್ಷಗಳು ಮರಳಿ ಬಂದವು.

ಸಮಾನ ಹುದ್ದೆ ಅಂದರೆ ಸಮಾನ ಸಂಬಳ ಅಲ್ಲ. ಕೆಲಸದ ಸ್ವರೂಪ, ಹೊಣೆ ಮತ್ತು ಅಧಿಕಾರದ ವ್ಯಾಪ್ತಿ, ಬೇಕಾದ ಕನಿಷ್ಠ ವಿದ್ಯಾರ್ಹತೆ, ಇವನ್ನು ಮೊದಲು ನೋಡಬೇಕು. ಸಂಬಳ ಬರುವುದು ಕೊನೆಯಲ್ಲಿ. ಮೊದಲ ಮೂರು ಹೊಂದಿದರೆ ಸಂಬಳದ ವ್ಯತ್ಯಾಸ ಅಡ್ಡಿಯಲ್ಲ ಎಂದು ಅದೇ ತೀರ್ಪು ಹೇಳುತ್ತದೆ. ಈ ಅಳತೆಗೋಲು ಬಂದದ್ದೆಲ್ಲಿಂದ ಗೊತ್ತೇ? 1956ರ ರಾಜ್ಯಗಳ ಪುನರ್ವಿಂಗಡಣೆಯಿಂದ. ವಿಷಯ ಬಿಟ್ಟು ಸ್ವಲ್ಪ ಆಚೆ ಹೋಗುತ್ತಿದ್ದೇನೆ, ಆದರೂ ಹೇಳಲೇಬೇಕು. ನಮ್ಮ ರಾಜ್ಯ ಒಂದಾದಾಗ ಐದು ಕಡೆಯ ನೌಕರರು ಒಂದೇ ಸೂರಿನಡಿ ಬಂದರು. ಹಳೆ ಮೈಸೂರಿನವರು, ಮುಂಬೈ ಪ್ರಾಂತ್ಯದ ಬೆಳಗಾವಿ, ಧಾರವಾಡ, ವಿಜಯಪುರ, ಕಾರವಾರ ಕಡೆಯವರು, ಹೈದರಾಬಾದಿನ ಕಲಬುರಗಿ, ಬೀದರ, ರಾಯಚೂರಿನವರು, ಮದ್ರಾಸಿನ ಮಂಗಳೂರು ಭಾಗದವರು, ಕೊಡಗಿನವರು. ಒಂದು ಕಡೆಯ ಮಾಮಲೇದಾರ ಇನ್ನೊಂದು ಕಡೆಯ ತಹಶೀಲ್ದಾರ, ಒಂದು ಕಡೆ ಉರ್ದು ಕಡತ, ಇನ್ನೊಂದು ಕಡೆ ಮರಾಠಿ. ಯಾರ ಹುದ್ದೆ ಯಾರದಕ್ಕೆ ಸಮ, ಯಾರು ಹಿರಿಯರು, ಯಾರು ಕಿರಿಯರು ಎಂದು ನಿರ್ಧರಿಸಲು ಪಟ್ಟಿಗಳ ಮೇಲೆ ಪಟ್ಟಿಗಳಾದವು, ವ್ಯಾಜ್ಯಗಳು ದಶಕಗಟ್ಟಲೆ ನಡೆದವು. ನಾಡು ಒಂದಾದ ಸಂಭ್ರಮದ ಕೆಳಗೆ ಆ ಗುಮಾಸ್ತರ ತಳಮಳವೂ ಇತ್ತು. ಅವರ ತಕರಾರುಗಳಿಂದಲೇ ಇವತ್ತಿನ ನಮ್ಮ ಎಷ್ಟೋ ಸೇವಾ ತತ್ವಗಳು ರೂಪುಗೊಂಡವು.

ಆ ಕಾಲದ್ದೇ ಇನ್ನೊಂದು ಪ್ರಕರಣ ನಮ್ಮ ನೆಲದ್ದು: ಮೈಸೂರು ರಾಜ್ಯ ವಿರುದ್ಧ ಎಂ.ಎಚ್. ಬಳ್ಳಾರಿ. ಮುಂಬೈ ಸರ್ಕಾರದ ಕಾಲದಲ್ಲಿ ನಿಯೋಜನೆ ಮೇಲೆ ಬೇರೆ ಇಲಾಖೆಗೆ ಹೋಗಿದ್ದವರು ವಾಪಸ್ ಬಂದಾಗ ಮಾತೃ ಇಲಾಖೆಯಲ್ಲಿ ಅವರಿಗಿಂತ ಕಿರಿಯರು ಮೇಲೆ ಹೋಗಿದ್ದರು. 1960ರ ದಶಕದಲ್ಲಿ ಸುಪ್ರೀಂ ಕೋರ್ಟ್, ನಿಯೋಜನೆಗೆ ಹೋದ ಕಾರಣಕ್ಕೆ ನೌಕರ ನಷ್ಟ ಅನುಭವಿಸಬಾರದು, ಇಲ್ಲೇ ಇದ್ದಿದ್ದರೆ ಸಿಗುತ್ತಿದ್ದ ಸ್ಥಾನ ವಾಪಸ್ ಬಂದಾಗಲೂ ಸಿಗಬೇಕು ಎಂದಿತು. ವಿಲೀನ ಬೇಡ ಅನ್ನುವವರಿಗೆ ಈ ತತ್ವವೇ ರಕ್ಷೆ. ನೀವು ಹೊರಗಿದ್ದೀರಿ ಅಂತ ಮಾತೃ ಇಲಾಖೆಯ ಮುಂಬಡ್ತಿ ಸಮಿತಿ ನಿಮ್ಮ ಹೆಸರು ಬಿಟ್ಟು ಮುಂದೆ ಹೋಗುವಂತಿಲ್ಲ. ಹೋದರೆ ಸುಮ್ಮನಿರಬೇಡಿ. ಪ್ರತಿ ವರ್ಷ ಜ್ಯೇಷ್ಠತಾ ಪಟ್ಟಿ ಪ್ರಕಟವಾದಾಗ ನಿಮ್ಮ ಹೆಸರು ಎಲ್ಲಿದೆ ಅಂತ ನೋಡಿ, ಆಕ್ಷೇಪಣೆಗೆ ಕೊಟ್ಟ ದಿನಗಳೊಳಗೆ ಬರೆಯಿರಿ.

ಮತ್ತೆ ಜ್ಯೇಷ್ಠತೆಗೆ. ರೂಪ್‌ಲಾಲ್ ತೀರ್ಪು ಓದಿ ಎಲ್ಲರಿಗೂ ಹಳೆಯ ಸೇವೆ ಸಿಕ್ಕೇ ಸಿಗುತ್ತದೆ ಅಂದುಕೊಳ್ಳಬೇಡಿ. 2006ರ ಇಂದು ಶೇಖರ್ ಸಿಂಗ್ ಪ್ರಕರಣದಲ್ಲಿ ಉತ್ತರ ಪ್ರದೇಶದ ಜಲ ನಿಗಮದಿಂದ ಅಭಿವೃದ್ಧಿ ಪ್ರಾಧಿಕಾರಗಳಿಗೆ ಹೋದ ಎಂಜಿನಿಯರ್‌ಗಳಿಗೆ ಸರ್ಕಾರ ಒಂದು ಆಯ್ಕೆ ಕೊಟ್ಟಿತ್ತು: ವಿಲೀನ ಮಾಡುತ್ತೇವೆ, ಆದರೆ ಹಿಂದಿನ ಸೇವೆ ಜ್ಯೇಷ್ಠತೆಗೆ ಲೆಕ್ಕಕ್ಕಿಲ್ಲ, ಒಪ್ಪಿದರೆ ಸಹಿ ಮಾಡಿ. ಅವರು ಒಪ್ಪಿದರು. ಆಮೇಲೆ ಹಳೆಯ ಸೇವೆಯನ್ನು ಕೇಳಿದರು. ಷರತ್ತನ್ನು ತಿಳಿದೇ ಒಪ್ಪಿಕೊಂಡ ಮೇಲೆ ಅದರಿಂದ ಹಿಂದೆ ಸರಿಯಲಾಗದು ಎಂದಿತು ಸುಪ್ರೀಂ ಕೋರ್ಟ್. ಹಾಗಾಗಿ ರೂಪ್‌ಲಾಲ್ ಗೆದ್ದದ್ದನ್ನು ನೀವು ಒಂದು ಸಹಿಯಲ್ಲಿ ಕಳೆದುಕೊಳ್ಳಬಹುದು. ನಮ್ಮ ರಾಜ್ಯದ 1957ರ ಜ್ಯೇಷ್ಠತಾ ನಿಯಮಗಳ 6ನೇ ನಿಯಮವೂ ಇದೇ ಕಡೆ ಬೆರಳು ತೋರಿಸುತ್ತದೆ. ಸಾರ್ವಜನಿಕ ಹಿತದೃಷ್ಟಿಯಿಂದ ಸಮಾನ ದರ್ಜೆಗೆ ವರ್ಗಾಯಿಸಿದರೆ ಹಳೆಯ ಸೇವೆ ಉಳಿಯುತ್ತದೆ. ನೌಕರನ ಸ್ವಂತ ಕೋರಿಕೆ ಮೇಲಾದರೆ, ಆ ದಿನ ಆ ವೃಂದದಲ್ಲಿರುವ ಎಲ್ಲರಿಗಿಂತ ಕೆಳಗೆ ಸ್ಥಾನ.

ಈಗ ನಿಮ್ಮ ಅರ್ಜಿಗಳನ್ನು ನೆನಪಿಸಿಕೊಳ್ಳಿ. "ನನ್ನ ಪತ್ನಿ ಇದೇ ಊರಿನಲ್ಲಿ ಕೆಲಸದಲ್ಲಿದ್ದಾರೆ, ಮಕ್ಕಳ ವಿದ್ಯಾಭ್ಯಾಸ ಇಲ್ಲೇ ನಡೆದಿದೆ, ಆದ್ದರಿಂದ ನನ್ನನ್ನು ಖಾಯಂ ಆಗಿ ವಿಲೀನಗೊಳಿಸಬೇಕೆಂದು ಕೋರುತ್ತೇನೆ." ಇದು ನಿಜವಾದ ಕಷ್ಟ, ಬರೆಯಬೇಡಿ ಅನ್ನುವುದಿಲ್ಲ. ಆದರೆ ಹೀಗೆ ಬರೆದಾಗ ನಿಮ್ಮ ವಿಲೀನ ಸ್ವಂತ ಕೋರಿಕೆಯದು ಎಂಬುದಕ್ಕೆ ನೀವೇ ಪುರಾವೆ ಒದಗಿಸುತ್ತಿದ್ದೀರಿ. ಸಂಸ್ಥೆಗೆ ನಿಮ್ಮ ಅಗತ್ಯ ಇದೆ ಅನ್ನುವುದಾದರೆ ಆ ಪ್ರಸ್ತಾವನೆ ಸಂಸ್ಥೆಯಿಂದ ಬರಬೇಕು, ಸಾರ್ವಜನಿಕ ಹಿತ ಏನು ಎಂದು ಟಿಪ್ಪಣಿಯಲ್ಲಿ ಬರಬೇಕು, ಆದೇಶದ ಪೀಠಿಕೆಯಲ್ಲಿ ಅದು ಕಾಣಬೇಕು. ಸ್ವಂತ ಅನುಕೂಲಕ್ಕೇ ಹೋಗುವುದಾದರೆ ಜ್ಯೇಷ್ಠತೆ ಹೋಗುತ್ತದೆ ಅಂತ ಗೊತ್ತಿದ್ದೇ ಹೋಗಿ. ಕುಟುಂಬಕ್ಕಾಗಿ ಒಂದು ಬಡ್ತಿ ಬಿಡುವುದು ತಪ್ಪಲ್ಲ, ಗೊತ್ತಿಲ್ಲದೆ ಬಿಡಬಾರದು ಅಷ್ಟೇ.

ಪಿಂಚಣಿ. ಅನ್ಯಸೇವೆಯಲ್ಲಿ ಇರುವಷ್ಟು ಕಾಲ ನಿಮ್ಮನ್ನು ಪಡೆದ ಸಂಸ್ಥೆ ಸರ್ಕಾರಕ್ಕೆ ಪಿಂಚಣಿ ವಂತಿಗೆ ಮತ್ತು ರಜೆ ವೇತನ ವಂತಿಗೆ ಕಟ್ಟಬೇಕು. ಎಷ್ಟೋ ನಿಗಮಗಳಲ್ಲಿ ಇದು ಬಾಕಿ ಬೀಳುತ್ತದೆ, ಯಾರೂ ಗಮನಿಸುವುದಿಲ್ಲ. ನಿವೃತ್ತಿಯ ಹೊತ್ತಿಗೆ ಪಿಂಚಣಿ ಕಡತ ಮಹಾಲೇಖಪಾಲರ ಕಚೇರಿಗೆ ಹೋದಾಗ ಇಂತಿಂಥ ತಿಂಗಳ ವಂತಿಗೆ ಬಂದಿಲ್ಲ ಎಂಬ ಆಕ್ಷೇಪ ಬರುತ್ತದೆ. ಅಷ್ಟರಲ್ಲಿ ಆ ನಿಗಮದಲ್ಲಿ ಲೆಕ್ಕಾಧಿಕಾರಿಗಳು ನಾಲ್ಕು ಜನ ಬದಲಾಗಿರುತ್ತಾರೆ, ಚಲನ್ ಯಾರ ಹತ್ತಿರವೂ ಇರುವುದಿಲ್ಲ. ವಂತಿಗೆ ಕಟ್ಟಬೇಕಾದವರು ಅವರು, ನಿವೃತ್ತಿಯ ನಂತರ ಕಚೇರಿಯಿಂದ ಕಚೇರಿಗೆ ಅಲೆಯುವವರು ನೀವು. ಇದು ಅನ್ಯಾಯ, ಹಾಗಂತ ನಾನು ಎಲ್ಲ ಕಡೆ ಹೇಳುತ್ತೇನೆ. ಆದರೆ ಅನ್ಯಾಯ ಸರಿಯಾಗುವವರೆಗೆ ಕಾಯದೆ, ವರ್ಷಕ್ಕೊಮ್ಮೆ ಚಲನ್‌ನ ಪ್ರತಿ ಕೇಳಿ ಪಡೆದು, ಸೇವಾ ಪುಸ್ತಕದಲ್ಲಿ ನಮೂದು ಮಾಡಿಸಿ.

ವಿಲೀನದ ನಂತರ ಹಳೆಯ ಸೇವೆಯ ಪಿಂಚಣಿ ಯಾರು ಕೊಡುತ್ತಾರೆ ಎಂಬುದು ಆದೇಶದಲ್ಲಿ ಸ್ಪಷ್ಟವಾಗಿ ಇರಬೇಕು. ಸರ್ಕಾರದ ಒಂದು ಇಲಾಖೆಯಿಂದ ಇನ್ನೊಂದಕ್ಕಾದರೆ ತೊಡಕು ಕಡಿಮೆ. ನಿಗಮಕ್ಕೆ ಹೋದರೆ ಪ್ರಶ್ನೆ ಗಂಭೀರ. 2006ರ ಏಪ್ರಿಲ್ 1ಕ್ಕಿಂತ ಮುಂಚೆ ರಾಜ್ಯ ಸೇವೆಗೆ ಸೇರಿದವರು ಹಳೆಯ ಪಿಂಚಣಿ ವ್ಯವಸ್ಥೆಯಲ್ಲಿದ್ದೀರಿ. ನೀವು ಹೋಗುವ ಸಂಸ್ಥೆಯಲ್ಲಿ ಭವಿಷ್ಯನಿಧಿ ಮಾತ್ರ ಇದೆಯೋ, ಪಿಂಚಣಿ ಇದೆಯೋ ನೋಡದೆ ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿದರೆ ಬದುಕಿನ ಕೊನೆಯ ಇಪ್ಪತ್ತು ವರ್ಷಗಳನ್ನೇ ಸಹಿ ಹಾಕಿ ಕೊಟ್ಟಂತೆ. ನಂತರ ಸೇರಿದ, ಎನ್‌ಪಿಎಸ್ ಎಂಬ ಹೊಸ ಪಿಂಚಣಿ ಯೋಜನೆಯವರು ಪ್ರಾನ್ ಸಂಖ್ಯೆ, ಅಂದರೆ ಪಿಂಚಣಿ ಖಾತೆಯ ಸಂಖ್ಯೆ, ಮುಂದುವರಿಯುತ್ತದೆಯೇ, ಸರ್ಕಾರದ ಪಾಲಿನ ವಂತಿಗೆಯನ್ನು ಇನ್ನು ಯಾರು ಹಾಕುತ್ತಾರೆ ಅನ್ನುವುದನ್ನು ಬರಹದಲ್ಲಿ ಪಡೆಯಿರಿ.

ಒಬ್ಬೊಬ್ಬರ ವಿಲೀನ ಬೇರೆ, ಇಲಾಖೆಗೆ ಇಲಾಖೆಯೇ ನಿಗಮವಾಗುವುದು ಬೇರೆ. ನಮ್ಮಲ್ಲಿ 1999ರ ಆಗಸ್ಟ್‌ನಲ್ಲಿ ವಿದ್ಯುತ್ ಮಂಡಳಿಯಾದ ಕೆಇಬಿ ಹೋಗಿ ಕೆಪಿಟಿಸಿಎಲ್ ಎಂಬ ನಿಗಮ ಆಯಿತು, 2002ರ ಜೂನ್‌ನಲ್ಲಿ ಬೆಸ್ಕಾಂ ಮೊದಲಾದ ಕಂಪನಿಗಳಾದವು. ಕೇಂದ್ರದಲ್ಲಿ 2000ದ ಅಕ್ಟೋಬರ್ 1ರಂದು ಬಿಎಸ್‌ಎನ್‌ಎಲ್ ಹುಟ್ಟಿದಾಗ ದೂರಸಂಪರ್ಕ ಇಲಾಖೆಯ ಲಕ್ಷಾಂತರ ನೌಕರರು ರಾತ್ರಿ ಬೆಳಗಾಗುವುದರೊಳಗೆ ನಿಯೋಜನೆ ಮೇಲಿರುವವರೆಂದು ಪರಿಗಣಿತರಾದರು, ನಿಯೋಜನಾ ಭತ್ಯೆಯೂ ಇಲ್ಲದೆ. ಆಮೇಲೆ ಅವರಿಂದ ಆಯ್ಕೆ ಪಡೆದು ವಿಲೀನ ಮಾಡಲಾಯಿತು. ಆ ನೌಕರ ಸಂಘಗಳು ಹೋರಾಡಿ ಪಡೆದದ್ದನ್ನು ಗಮನಿಸಿ: ಪಿಂಚಣಿ ನಿಯಮಗಳಿಗೆ 37ಎ ಎಂಬ ಹೊಸ ನಿಯಮ ಸೇರಿತು, ಸರ್ಕಾರಿ ಸೇವೆ ಮತ್ತು ಬಿಎಸ್‌ಎನ್‌ಎಲ್ ಸೇವೆ ಎರಡನ್ನೂ ಸೇರಿಸಿ ಪಿಂಚಣಿಯನ್ನು ಸರ್ಕಾರವೇ ಕೊಡುವ ವ್ಯವಸ್ಥೆಯಾಯಿತು. ಒಗ್ಗಟ್ಟಾಗಿ, ಸಕಾಲದಲ್ಲಿ, ನಿಯಮದ ರೂಪದಲ್ಲೇ ಪಡೆದದ್ದು ಅದು, ಬಾಯಿಮಾತಿನ ಭರವಸೆಯಲ್ಲ. ಇದಕ್ಕೆ ಇತ್ತೀಚೆಗೆ ಒಂದು ತಿರುವು ಬಂದಿದೆ. 2025ರ ಮೇ ತಿಂಗಳಲ್ಲಿ ಕೇಂದ್ರ ಸರ್ಕಾರ ಪಿಂಚಣಿ ನಿಯಮಗಳಿಗೆ ತಿದ್ದುಪಡಿ ತಂದು, ಹೀಗೆ ಸಾರ್ವಜನಿಕ ಉದ್ದಿಮೆಯಲ್ಲಿ ವಿಲೀನಗೊಂಡವರು ಅಲ್ಲಿ ದುರ್ನಡತೆಗಾಗಿ ವಜಾಗೊಂಡರೆ, ಹಿಂದಿನ ಸರ್ಕಾರಿ ಸೇವೆಯ ನಿವೃತ್ತಿ ಸೌಲಭ್ಯವನ್ನೂ ಕಳೆದುಕೊಳ್ಳುತ್ತಾರೆ ಎಂದು ಮಾಡಿದೆ. ಸಂಬಂಧಪಟ್ಟ ಸಚಿವಾಲಯ ಆ ವಜಾ ತೀರ್ಮಾನವನ್ನು ಪರಿಶೀಲಿಸಬೇಕು ಎಂಬ ರಕ್ಷಣೆಯೂ ಅದರಲ್ಲಿದೆ. ವಿಲೀನ ಆಗಿ ದಶಕಗಳಾದ ಮೇಲೂ ಷರತ್ತುಗಳು ಬದಲಾಗಬಹುದು ಅನ್ನುವುದಕ್ಕೆ ಇದನ್ನು ಹೇಳಿದೆ.

ಇಷ್ಟು ಹೊತ್ತು ನೌಕರರಿಗೆ ಬುದ್ಧಿ ಹೇಳಿದೆ. ಈಗ ಆಡಳಿತಕ್ಕೆ ಹೇಳಬೇಕು, ಇಲ್ಲಿ ಕೆಲವು ಅಧಿಕಾರಿಗಳೂ ಕೂತಿದ್ದೀರಿ. ಕೇಂದ್ರದಲ್ಲಿ ನಿಯೋಜನೆಗೆ ಸಾಮಾನ್ಯವಾಗಿ ಮೂರು ವರ್ಷ, ವಿಸ್ತರಣೆ ಸೇರಿ ಐದು, ವಿಶೇಷ ಸಂದರ್ಭದಲ್ಲಿ ಏಳು ವರ್ಷ ಎಂಬ ಮಿತಿ ಇದೆ. ಅವಧಿ ಮುಗಿದ ದಿನ ಬಿಡುಗಡೆಯ ಆದೇಶ ಬರದಿದ್ದರೂ ಬಿಡುಗಡೆಯಾದಂತೆ ಎಂದು ಪರಿಗಣಿಸುವ ಸೂಚನೆಯೂ ಇದೆ. ಅದು ಕಠೋರವಾಗಿ ಕಾಣಬಹುದು. ನನ್ನ ಪ್ರಕಾರ ಅದರಲ್ಲಿ ದಯೆ ಇದೆ, ಏಕೆಂದರೆ ಅಲ್ಲಿ ಮನುಷ್ಯನಿಗೆ ತಾನು ಎಲ್ಲಿ ನಿಂತಿದ್ದೇನೆ ಎಂದು ಗೊತ್ತಿರುತ್ತದೆ. ನಾವು ಮಾಡುವುದೇನು? "ಮುಂದಿನ ಆದೇಶದವರೆಗೆ" ಎಂದು ಬರೆದು ಬಿಡುತ್ತೇವೆ. ಆ ಮುಂದಿನ ಆದೇಶ ಹತ್ತು ವರ್ಷ ಬರುವುದಿಲ್ಲ. ಅವರ ಮಕ್ಕ​ಳು ಆ ಊರಿನಲ್ಲೇ ಬೆಳೆದು ಕಾಲೇಜಿಗೆ ಬರುತ್ತಾರೆ. ಮಾತೃ ಇಲಾಖೆಯಲ್ಲಿ ಅವರನ್ನು ಗುರುತಿಸುವವರು ಉಳಿದಿರುವುದಿಲ್ಲ. ಆಮೇಲೆ ಯಾರೋ ಒಬ್ಬರು ದೂರು ಕೊಟ್ಟರೆಂದು, ಒಂದೇ ಸಾಲಿನ ಪತ್ರದಲ್ಲಿ ಕೂಡಲೇ ಬಿಡುಗಡೆ ಮಾಡುತ್ತೇವೆ. ಕಾನೂನಿನ ಪ್ರಕಾರ ಇದು ಸರಿ ಇರಬಹುದು. ಒಬ್ಬ ಮನುಷ್ಯನನ್ನು ನಡೆಸಿಕೊಳ್ಳುವ ರೀತಿ ಇದಲ್ಲ.

ನ್ಯಾಯಾಲಯವೂ ಆಡಳಿತಕ್ಕೆ ಪೂರ್ತಿ ಸ್ವಾತಂತ್ರ್ಯ ಕೊಟ್ಟಿಲ್ಲ. 1999ರ ರಾಮೇಶ್ವರ್ ಪ್ರಸಾದ್ ಪ್ರಕರಣದಲ್ಲಿ ಉತ್ತರ ಪ್ರದೇಶ ಸರ್ಕಾರದ ನಿರ್ಮಾಣ ನಿಗಮದಲ್ಲಿ ವಿಲೀನಕ್ಕೆ ನಿಯಮವೇ ಇತ್ತು. ಆ ನಿಯಮದ ಅವಧಿ ದಾಟಿದ ಮೇಲೂ ನೌಕರನನ್ನು ಕೆಲಸದಲ್ಲಿ ಮುಂದುವರಿಸಿ, ಆಮೇಲೆ ವಿಲೀನ ಇಲ್ಲ ಎಂದರು. ವಿಲೀನ ಮಾಡುವುದು, ಬಿಡುವುದು ವಿವೇಚನೆಗೆ ಬಿಟ್ಟದ್ದು ನಿಜ, ಆದರೆ ಆ ವಿವೇಚನೆಯನ್ನು ಮನಬಂದಂತೆ ಬಳಸುವಂತಿಲ್ಲ ಎಂದ ಸುಪ್ರೀಂ ಕೋರ್ಟ್ ನೌಕರನ ಪರವಾಗಿ ನಿಂತಿತು. 2005ರ ವಿ. ರಾಮಕೃಷ್ಣನ್ ಪ್ರಕರಣದಲ್ಲಿ, ನಿಯೋಜನೆಯ ಅವಧಿ ನಿಗದಿಯಾಗಿದ್ದರೆ ಅಸಮರ್ಥತೆಯಂಥ ಕಾರಣವಿಲ್ಲದೆ ಅದನ್ನು ಸಾಮಾನ್ಯವಾಗಿ ಮೊಟಕುಗೊಳಿಸಬಾರದು ಎಂದೂ ಹೇಳಿತು. ಆದ್ದರಿಂದ ಅಧಿಕಾರಿಗಳಲ್ಲಿ ನನ್ನ ಕೋರಿಕೆ ಇಷ್ಟು. ನಾಲ್ಕನೇ ವರ್ಷಕ್ಕೇ ಕಡತ ತೆಗೆಯಿರಿ. ಈ ವ್ಯಕ್ತಿ ನಮಗೆ ಬೇಕೇ, ನಿಯಮದಲ್ಲಿ ಅವಕಾಶ ಇದೆಯೇ, ಯಾರ ಮುಂಬಡ್ತಿಗೂ ಕುತ್ತಾಗದ ಹುದ್ದೆ ಇದೆಯೇ ಎಂದು ನೋಡಿ, ನಿಮ್ಮ ಸ್ವಂತ ಸಿಬ್ಬಂದಿಯ ಆಕ್ಷೇಪಣೆಯನ್ನೂ ಕರೆದು ಕೇಳಿ, ಹೌದು ಅಥವಾ ಇಲ್ಲ ಎಂದು ಹೇಳಿಬಿಡಿ. ಇಲ್ಲ ಎಂದಾದರೆ ಶೈಕ್ಷಣಿಕ ವರ್ಷ ಮುಗಿಯುವ ಹೊತ್ತಿಗೆ ಕಳಿಸಿ.

ಆಗಲೇ ಚೀಟಿಯಲ್ಲಿ ಒಬ್ಬರು ಒಂದು ಪ್ರಶ್ನೆ ಕಳಿಸಿದ್ದರು. ಕಲ್ಯಾಣ ಕರ್ನಾಟಕಕ್ಕೆ ವಿಶೇಷ ಸ್ಥಾನ ಕೊಡುವ ಸಂವಿಧಾನದ 371ಜೆ ವಿಧಿಯಡಿ ಅಲ್ಲಿನ ಸ್ಥಳೀಯ ವೃಂದದಲ್ಲಿ ನೇಮಕವಾದವರು ಬೆಂಗಳೂರಿನ ಸಂಸ್ಥೆಯೊಂದರಲ್ಲಿ ನಿಯೋಜನೆ ಮೇಲಿದ್ದಾರೆ, ವಿಲೀನಕ್ಕೆ ಕೇಳಬಹುದೇ ಎಂದು. ಆ ವಿಧಿಯ ಉದ್ದೇಶವೇ ಆ ಭಾಗದ ಕಚೇರಿಗಳಲ್ಲಿ ಆ ಭಾಗದವರು ಇರಬೇಕೆಂಬುದು. ನೀವು ವಿಲೀನವಾಗಿ ಬೆಂಗಳೂರಿನಲ್ಲಿ ಉಳಿದರೆ ಸ್ಥಳೀಯ ವೃಂದದಲ್ಲಿ ಗಳಿಸಿದ ಸ್ಥಾನವನ್ನು ಬಿಟ್ಟುಕೊಡುತ್ತೀರಿ, ಮತ್ತೆ ಆ ವೃಂದಕ್ಕೆ ಹಿಂದಿರುಗುವ ದಾರಿ ಇರುವುದಿಲ್ಲ. ನೀವು ಇಲ್ಲಿ ನಿಯೋಜನೆ ಮೇಲೆ ಇರುವಷ್ಟು ಕಾಲ ಯಾದಗಿರಿಯಲ್ಲೋ ಕೊಪ್ಪಳದಲ್ಲೋ ನಿಮ್ಮ ಹುದ್ದೆಯ ಕುರ್ಚಿ ಖಾಲಿ ಇರುತ್ತದೆ ಅನ್ನುವುದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಿ ಎಂದು ಕೇಳಿಕೊಳ್ಳುತ್ತೇನೆ. ಅರ್ಜಿ ಹಾಕುವ ಮುಂಚೆ ಮಾತೃ ಇಲಾಖೆಯಿಂದ ಸ್ಥಳೀಯ ವೃಂದದ ಸ್ಥಾನದ ಬಗ್ಗೆ ಲಿಖಿತ ಸ್ಪಷ್ಟನೆ ಪಡೆಯಿರಿ.

ಅವಧಿ ಆಗಲೇ ಮುಗಿದಿದೆ, ವಿಲೀನದ ಪ್ರಸ್ತಾವನೆ ಡಿಪಿಎಆರ್‌ನಲ್ಲೋ (ಸಿಬ್ಬಂದಿ ಮತ್ತು ಆಡಳಿತ ಸುಧಾರಣೆ ಇಲಾಖೆ) ಆರ್ಥಿಕ ಇಲಾಖೆಯಲ್ಲೋ ನಿಂತಿದೆ ಅನ್ನುವವರು ನಾಳೆಯೇ ಎರಡು ಪತ್ರ ಬರೆಯಿರಿ. ಒಂದು ಈಗಿರುವ ಸಂಸ್ಥೆಗೆ, ಅವಧಿ ವಿಸ್ತರಣೆಯ ಆದೇಶ ಕೇಳಿ. ಇನ್ನೊಂದು ಮಾತೃ ಇಲಾಖೆಗೆ, ನಿಮ್ಮ ಲೀನ್ ಇವತ್ತಿಗೂ ಯಾವ ಹುದ್ದೆಯ ಮೇಲಿದೆ ಎಂದು ಕೇಳಿ. ಎರಡಕ್ಕೂ ಸ್ವೀಕೃತಿ ಮುದ್ರೆ ಹಾಕಿಸಿಕೊಂಡು ಒಂದೊಂದು ಪ್ರತಿಯನ್ನು ಮನೆಯಲ್ಲಿಟ್ಟುಕೊಳ್ಳಿ.